ಇದ್ದಿಲ ಬಸ್ಸು ತಳ್ಳಿಸಿದ ಐರಿಷ್ ದೊರೆ

ನಮ್ಮ ದೊರೆಯಷ್ಟು ಹೆಮ್ಮೆಯಿಂದ ಸೋತವರನ್ನು ನಾನು ಕಂಡಿಲ್ಲ. ಐರ್ಲೆಂಡಿನ ಪರವಾಗಿ ನಾಲ್ಕು ಸಲ ರಗ್ಬಿ ಆಡಿದರಂತೆ. ನಾಲ್ಕೂ ಸಲ ಸೋಲು! ಸಂಪಾದನೆ ಎಂದರೆ ಕರಿದ ಹಪ್ಪಳದಂತೆ ಮುರುಟಿದ ಒಂದು ಕಿವಿ, ಮಳೆಯನ್ನು ಮೊದಲೇ ತಿಳಿಸುವ ಒಂದು ಮಂಡಿ. ಆಮೇಲೆ ಶಿವನಸಮುದ್ರಕ್ಕೆ ಕರೆಂಟಿನ ಕೆಲಸಕ್ಕೆ ಬಂದವರು ನಿವೃತ್ತರಾದರೂ ಮಳವಳ್ಳಿಯಲ್ಲೇ ಉಳಿದರು. ಕನ್ನಡ ಕಲಿತದ್ದು ಕೂಲಿಯವರಿಂದ. ಹಾಗಾಗಿ ಬಿ.ಎ. ಪಾಸಾದ ನಾನೂ ಅವರಿಗೆ ‘ಏನ್ಲಾ’!

ಚೆಂಡಿಲ್ಲವೆಂದು ಸುಲಿಯದ ತೆಂಗಿನಕಾಯಿಯಲ್ಲೇ ಊರವರಿಗೆ ಆಟ ಕಲಿಸಲು ಹೊರಟರು. ಕಾಯಿ ಹಿಡಿದು ಓಡುವವನನ್ನು ಕಾಲು ತಬ್ಬಿ ಕೆಡವಬೇಕು. ಓಡುವುದು ಮುಂದಕ್ಕೆ, ಎಸೆಯುವುದು ಹಿಂದಕ್ಕೆ ಮಾತ್ರ.

“ಇಂಗಾಡುದ್ರೆ ಸೋಲ್ದೆ ಇನ್ನೇನ್ ದೊರೆ?” ಎಂದರು ಬಸ್ ಡ್ರೈವರ್ ಬಶೀರ್ ಸಾಹೇಬರು. ದೊರೆ ಗಂಭೀರವಾಗಿ ಒಪ್ಪಿಕೊಂಡರು.

ಯುದ್ಧಕಾಲ. ಪೆಟ್ರೋಲಿಲ್ಲದೆ ಬಶೀರ್ ಸಾಹೇಬರ ಬಸ್ಸು ಇದ್ದಿಲ ಗ್ಯಾಸಿನಲ್ಲಿ ಓಡುತ್ತಿತ್ತು. ಅಂದರೆ ಇಳಿಜಾರಿನಲ್ಲಿ ಓಡುತ್ತಿತ್ತು! ಮದ್ದೂರಿನ ದಾರಿಯ ಏರು ಬಂದರೆ ಎಲ್ಲರೂ ಇಳಿದು ತಳ್ಳಬೇಕು. ದೊರೆಗೆ ಅದೇ ಹಬ್ಬ. ರಗ್ಬಿಯಲ್ಲಿ ಎದುರಾಳಿಗಳನ್ನು ತಳ್ಳುವಂತೆಯೇ ಮೂರು ಸಾಲು, ಸೊಂಟಕ್ಕೆ ಸೊಂಟ ತಬ್ಬಿ, ತಲೆ ತಗ್ಗಿಸಿ! ಪುರೋಹಿತರ ತಲೆ ಕುರಿ ವ್ಯಾಪಾರಿಯ ಕಂಕುಳಲ್ಲಿ ಸಿಕ್ಕಿತು. ಬಸ್ಸು ಏರಿತು, ಮಡಿ ಇಳಿಯಿತು.

ಓದಿದವನೆಂದು ನನಗೆ ಹಗುರ ಕೆಲಸ: ನಿಂತ ಬಸ್ಸಿನ ಹಿಂದಿನ ಚಕ್ರಕ್ಕೆ ಮರದ ದಿಮ್ಮಿ ಕೊಡುವುದು. ಒಂದು ದಿನ ಅರ್ಧ ಏರಿನಲ್ಲಿ ದಿಮ್ಮಿ ಕೊಟ್ಟೆ, ಓರೆಯಾಗಿ. ಉಳಿದವರು ಉಸ್ಸೆಂದು ಪಕ್ಕಕ್ಕೆ ಸರಿದರು. ನಾನು ಬಸ್ಸಿನ ಹಿಂದೆಯೇ ನಿಂತು ಇದ್ದಿಲು ಗ್ಯಾಸಾಗುವ ಬಗೆಯನ್ನು ಪುರೋಹಿತರಿಗೆ ವಿವರಿಸತೊಡಗಿದೆ. ದಿಮ್ಮಿ ಜಾರಿತು.

ಓಡಬಾರದಿತ್ತೇ? ಈಗಲೂ ಕೇಳಿಕೊಳ್ಳುತ್ತೇನೆ. ಬಸ್ಸಿನ ಬೆನ್ನು ದೊಡ್ಡದಾಗುತ್ತ ಬಂತು. ನಾನು ನೋಡುತ್ತ ನಿಂತೆ. ಯಾವುದೋ ಗೂಳಿ ಪಕ್ಕದಿಂದ ಸೊಂಟಕ್ಕೆ ಗುದ್ದಿದಂತಾಯಿತು. ಕಣ್ಣು ಬಿಟ್ಟಾಗ ಎಕ್ಕದ ಗಿಡದ ಮೇಲಿದ್ದೆ. ರಸ್ತೆಯಲ್ಲುಳಿದ ನನ್ನ ಚಪ್ಪಲಿಯ ಮೇಲೆ ಚಕ್ರ ಹಾದುಹೋಯಿತು. ಸ್ವಲ್ಪ ದೂರದಲ್ಲಿ ಬಶೀರ್ ಸಾಹೇಬರು ಬಸ್ಸನ್ನು ಮಣ್ಣಿನ ದಿಬ್ಬಕ್ಕೆ ತಾಗಿಸಿ ನಿಲ್ಲಿಸಿದರು.

ಅರವತ್ತರ ದೊರೆ ನನ್ನೆರಡೂ ಕಾಲುಗಳನ್ನು ಅವುಚಿಕೊಂಡು ಕಣ್ಣು ಮುಚ್ಚಿ ಬಿದ್ದಿದ್ದರು. ಹಿರಿಯರು ನನ್ನ ಕಾಲು ಹಿಡಿಯುವುದೇ!

“ಕಾಲು ಬಿಡಿ ದೊರೆ, ನನಗೆ ಪಾಪ ಬರುತ್ತದೆ.”

ಬಿಡಲಿಲ್ಲ. ಕಣ್ಣು ತೆರೆಯದೆಯೇ ಕೇಳಿದರು:

“ಇದ್ದೀಯೇನ್ಲಾ?”

“ಇದ್ದೀನಿ ದೊರೆ.”

“ಇನ್ನೊಂದ್ಸಲ ಯೋಳು.”

ಹೇಳಿದೆ. ಆಗ ಕೈ ಸಡಿಲಿತು. ಯಾರಿಗೂ ತಲೆಬಾಗದ ನನ್ನ ಬಿ.ಎ. ಪದವಿ ಸಮೇತ, ಆ ಧೂಳಿನಲ್ಲಿ, ನಾನು ಅವರ ಕಾಲು ಹಿಡಿದೆ.