ಅಟ್ಟದ ಮ್ಯಾಲಿನ ಬಿಳಿ ಮಾರಿಗಳು

ನಮ್ಮ ತುರ್ವಿಹಾಳದ ಸುತ್ತ ಬರೇ ನೆಲ್ಲಿನ ಗದ್ದಿ, ಕಾಡಿಲ್ಲ. ಆದ್ರ ಮೊಬೈಲ್ ಬಂದಾಗಿಂದ ಕಾಡಿನ ಅಂಜಿಕಿಗೇನು ಕಡಿಮಿ ಇಲ್ಲ. ವಾರಕ್ಕೊಂದು ಪ್ರಾಣಿ ಆ ಗಾಜಿನಾಗಿಂದ ಹೊರಗ ಬರ್ತೈತಿ.

೧. ಒಂದ ಚಿರತಿ

ಹೊತ್ತು ಮುಳುಗಾಕ ಬಾಜೂ ಮನ್ಯಾಕಿ ಓಡಿ ಬಂದ್ಲು. "ಯವ್ವಾ, ಮಸ್ಕಿ ಗುಡ್ಡಕ್ಕ ಚಿರತಿ ಬಂದೈತಿ, ನೋಡಿಲ್ಲಿ!" ಆಕಿ ಮೊಬೈಲ್‌ನಾಗ ಚಿರತಿ ಬಂಡೆಗಲ್ಲಿನ ಮ್ಯಾಲ ಕುಂತು ನನ್ನನ್ನ ದಿಟ್ಟಿಸಾಕತ್ತಿತ್ತು. ಓಣ್ಯಾಗ ಬಾಗಲಾ ಎಲ್ಲಾ ಮುಚ್ಚಿದ್ವು, ನಾಯಿ ಸೈತ ಗಪ್ಪಾದ್ವು. ಅಷ್ಟ್ರಾಗ ಲಿಂಗಸುಗೂರಿನ ಮಗಳ ಫೋನು: "ಯವ್ವಾ, ನಮ್ಮೂರಿಗೆ ಚಿರತಿ ಬಂದೈತಿ." ಆಕಿ ಕಳಿಸಿದ ಫೋಟೋದಾಗೂ, ಸಿಂಧನೂರಿನ ಬೀಗರು ಕಳಿಸಿದ್ರಾಗೂ ಅದ ಕಲ್ಲು, ಅದ ಚಿರತಿ. ಒಂದ ಸಂಜಿಗೆ ಮೂರೂರು ತಿರುಗಾಕ ನಮ್ಮ ಬಸ್ಸಿಗೂ ಆಗಂಗಿಲ್ಲ!

೨. ಅಟ್ಟದಾಗ ಯಾರೋ

ಮುಂದೊಂದಿನ ಬಾಜೂ ಮನ್ಯಾಕಿ ಅಟ್ಟದಾಗ ಯಾರೋ ಭುಸ್ ಅಂತ ಉಸಿರು ಬಿಟ್ಟಂಗ ಸಪ್ಪಳ. ಆಕಿ ಮಗ ಏಣಿ ಹತ್ತಿ ಮೊಬೈಲ್ ಬೆಳಕು ಹಿಡದ. ಕತ್ತಲಾಗ ಮೂರು ಬಿಳಿ ಮಾರಿ. ಕರೀ ಕಣ್ಣು. ಮೈ ಅಲ್ಲೇ ಇಟ್ಟು ಮಾರಿ ಅಷ್ಟ ಹಿಂದಕ್ಕ ತಿರುಗಿಸಾಕತ್ತಿದ್ವು.

"ಗೂಗಿ ಮರಿ ಅವು," ಕೆಳಗಿಂದ ನೋಡಿ ನಾ ಅಂದೆ. "ನಿಮ್ಮ ನೆಲ್ಲಿನ ಚೀಲದಾಗಿನ ಇಲಿ ತಿಂದು ಬೆಳದಾವ, ಇರ್ಲಿ ಬಿಡ್ರಿ." ಅವ ನಕ್ಕೊಂತ ವಿಡಿಯೋ ತಗದು ಸಿಂಧನೂರಿನ ಗೆಳ್ಯಾಗ ಕಳಿಸಿದ.

ಮರುದಿನ ಅದ ವಿಡಿಯೋ ತಿರುಗಿ ಬಂತು. ಹಿಂದ ಅಳೋ ಸಂಗೀತ, ಮುಂದ ಗಂಡಸಿನ ದಪ್ಪ ದನಿ: "ಮನುಷ್ಯರ ಮುಖದ ದೆವ್ವದ ಮರಿಗಳು! ಇವು ಇರುವ ಮನೆಯಲ್ಲಿ ಹೆಣ ಬೀಳುವುದು ಖಚಿತ!" ಆಕಿ ಮನಿಗೆ ಕೀಲಿ ಹಾಕಿ, ಹಾಸಿಗಿ ಹೊತ್ಕೊಂಡು ನಮ್ಮ ಪಡಸಾಲಿಗೆ ಬಂದ್ಲು.

"ಅವು ನಿನ್ನ ಅಟ್ಟದಾಗಿನ ಗೂಗಿ ಅಲ್ಲೇನಬೇ?"

"ಹೌದ ಯವ್ವಾ. ಅಟ್ಟದಾಗ ಗೂಗಿನ ಇದ್ವು. ಮೊಬೈಲ್‌ನಾಗ ಹೋಗಿ ದೆವ್ವ ಆಗಿ ಬಂದಾವ!"

೩. ಓ ಅನ್ನಬ್ಯಾಡ್ರಿ

ನಗಿ ನಿಲ್ಲೋದ್ರಾಗ ಆಕಿ ಮಗ ಹುಲ್ಲು, ಒಣ ಮೆಣಸಿನಕಾಯಿ ತಂದಿಟ್ಟ. ಬೆಳಗಾದ್ರ ಹೊಗಿ ಹಾಕಾಂವ. ರೆಕ್ಕಿ ಬಲೀದ ಮರಿ, ಎಲ್ಲಿಗೆ ಹಾರ್ತಾವ? ಬ್ಯಾಡೋ ಅಂದೆ. ಕೈ ಮುಗದ್ರೂ ಕೇಳಲಿಲ್ಲ. "ಆಯಿ, ಮೊಬೈಲ್‌ನಾಗ ಬಂದೈತಿ, ನಿಂಗೇನ್ ತಿಳೀತೈತಿ?" ಅಂದ.

ಮೊಬೈಲ್‌ನಾಗ ಬರಬೇಕು, ಅಷ್ಟ ಹೌದಲ್ಲೋ? ಸೊಸಿ ಮೊಬೈಲ್‌ನಾಗ ಅದ ಸಂಗೀತ ಹಾಕಿಸಿ, ದನಿ ದಪ್ಪ ಮಾಡಿ ಹೇಳಿ, ಅವಂಗೂ ಊರ ಮಂದಿಗೂ ಕಳಸಾಕ ಹಚ್ಚಿದೆ: "ಗೂಗಿ ಮರಿಗೆ ಹೊಗಿ ಹಾಕಿದ್ರ, ತುರ್ವಿಹಾಳದಾಗ ಹೊತ್ತು ಮುಳುಗಿದ ಮ್ಯಾಲ ಯಾರೋ ಬಂದು ಕರೀತಾರ. ಓ ಅಂದವ್ರು ಮುಗದ್ರು!"

ಬೆಳಗಾಗೋದ್ರಾಗ ಆ ಹುಲ್ಲು ದನದ ಮುಂದಿತ್ತು. ದಿನಾ ಕಳದಂಗ ಮರಿ ಬಲತು ತಾವ ಹಾರಿ ಹೋದ್ವು. ಬಾಜೂ ಮನ್ಯಾಕಿನೂ ಹಾಸಿಗಿ ಎತ್ತಿದ್ಲು.

ಆಕಿ ಹೋದ ದಿನ ಸಂಜಿಗೆ ನನ್ನ ಮಾತು ಊರೂರು ತಿರುಗಿ, ಗೂಗಿ ಸುದ್ದಿ ಎಲ್ಲೋ ಉದುರಿಸ್ಕೊಂಡು, ಲಿಂಗಸುಗೂರಿನಿಂದ ವಾಪಸ್ ಬಂತು: "ತುರ್ವಿಹಾಳದಾಗ ಹೊತ್ತು ಮುಳುಗಿದ ಮ್ಯಾಲ ಯಾರೋ ಬಂದು ಕರೀತಾರ. ಓ ಅಂದವ್ರು ಮುಗದ್ರು!" ದನಿ ನಂದ. ಆದ್ರೂ ಮೈಮ್ಯಾಗಿನ ಕೂದಲಾ ನೆಟ್ಟಗಾದ್ವು. ಅಷ್ಟ್ರಾಗ ಹಿತ್ತಲದಿಂದ ಯಾರೋ ಮೆಲ್ಲಕ ಅಂದ್ರು: "ಅತ್ತೀ..."

ಓ ಅನ್ನಲಿಲ್ಲ. ಹೊದಿಕಿ ಎಳಕೊಂಡು ಉಪಾಸ ಮಲಗಿದೆ.

ಮುಂಜಾನೆ ಸೊಸಿಗೆ ಕೇಳಿದೆ, "ನಿನ್ನೆ ಉಣಾಕ ಕರದಿದ್ದೇನಬೇ?"

"ನಾ ಎಲ್ಲಿ ಕರದೆ ಅತ್ತಿ! ನನ್ನೂ ಯಾರೋ ಕರದಂಗಾಗಿ, ಬಾಯಾಗ ಸೆರಗು ತುರ್ಕೊಂಡು ಒಲಿ ಹಿಂದ ಕುಂತಿದ್ದೆ!"