ತಲೆ ತಿರುಗದವರನ್ನು ನೋಡಲು ಹೋಗಿ

ನನಗೆ ಅನುಮಾನದ ಕಾಯಿಲೆ ಇದೆ. ಇಷ್ಟು ಸಲೀಸಾಗಿ ಒಪ್ಪಿಕೊಳ್ಳುತ್ತಿದ್ದಾನಲ್ಲ, ಇದರಲ್ಲೂ ಏನೋ ಮಸಲತ್ತು ಇರಬೇಕು ಎಂದು ನಿಮಗೆ ಅನಿಸಿದರೆ ನೀವು ನಮ್ಮವರೇ. ಹಾಲಿನವನು ನಗುತ್ತ ಬಂದರೆ ಹಾಲಿಗೆ ನೀರು ಬಿದ್ದಿದೆ ಎಂದುಕೊಳ್ಳುತ್ತೇನೆ. ನಗದೆ ಬಂದರೆ ಇವತ್ತು ಜಾಸ್ತಿಯೇ ಬಿದ್ದಿದೆ ಎಂದುಕೊಳ್ಳುತ್ತೇನೆ. ಇದು ಹುಟ್ಟುಗುಣವಲ್ಲ, ನೌಕರಿಯಿಂದ ಅಂಟಿಕೊಂಡದ್ದು. ಠಾಣಾ ಕುಶನೂರಿನ ಸಾಲೆಯಲ್ಲಿ ಗಣಿತದ ಮೇಷ್ಟ್ರಾಗಿದ್ದೆ. ಗಣಿತಕ್ಕಿಂತ ಹೆಚ್ಚು ಹೆಸರು ಬಂದದ್ದು ಪರೀಕ್ಷೆಯ ಕೋಣೆಯಲ್ಲಿ ಚೀಟಿ ಹಿಡಿಯುವುದರಲ್ಲಿ. ಕಾಲುಚೀಲದಲ್ಲಿ ಹಿಡಿದಿದ್ದೇನೆ, ಕಾಲರಿನ ಮಡಿಕೆಯಲ್ಲಿ ಹಿಡಿದಿದ್ದೇನೆ. ಒಬ್ಬ ಮಹಾನುಭಾವ ಪ್ರಮೇಯವನ್ನೆಲ್ಲ ಚಪ್ಪಲಿಯ ಅಟ್ಟೆಯ ಮೇಲೆ ಬರೆದುಕೊಂಡು ಬಂದಿದ್ದ. ಅಂದಿನಿಂದ ಚಪ್ಪಲಿ ಕಂಡರೆ ನನ್ನ ಕಣ್ಣು ಸಣ್ಣದಾಗುತ್ತದೆ. ನಿವೃತ್ತಿಯಾದ ಮೇಲೆ ಹಿಡಿಯಲು ಹುಡುಗರು ಉಳಿಯಲಿಲ್ಲ. ಮನೆಯಲ್ಲಿ ಉಳಿದವಳು ಹೆಂಡತಿ ಎಸ್ತೇರ ಒಬ್ಬಳೇ.

ಎಸ್ತೇರ ಬೀದರಿನ ಆಸ್ಪತ್ರೆಯೊಂದರಲ್ಲಿ ನರ್ಸ್ ಆಗಿದ್ದವಳು. ಜನ್ಮವೆಲ್ಲ ಇನ್ನೊಬ್ಬರ ನಾಡಿ ಹಿಡಿದವಳಿಗೆ ಎರಡು ವರ್ಷದ ಹಿಂದೆ ತಲೆ ತಿರುಗುವುದು ಶುರುವಾಯಿತು. ನಿಂತಲ್ಲೇ ಗೋಡೆ ಹಿಡಿಯುತ್ತಿದ್ದಳು. 'ಮನಿ ಸುತ್ತಲಾಕತ್ತದರಿ' ಎನ್ನುತ್ತಿದ್ದಳು. ಡಾಕ್ಟರು ಕಿವಿಯೊಳಗಿನ ತೊಂದರೆ ಎಂದು ದಿನಕ್ಕೆ ಮೂರು ಗುಳಿಗೆ ಬರೆದುಕೊಟ್ಟರು. ನಾನು ಮಾತ್ರ ನನ್ನ ಹಳೆಯ ವಿದ್ಯೆ ಬಿಡಲಿಲ್ಲ. ಯಾವ್ಯಾವ ದಿನ ತಿರುಗುತ್ತದೆ ಎಂದು ಕ್ಯಾಲೆಂಡರಿನಲ್ಲಿ ಪೆನ್ಸಿಲಿನಿಂದ ಗುರುತು ಹಾಕಿದೆ. ನಮ್ಮ ಅಕ್ಕ ಔರಾದದಿಂದ ಬಸ್ಸು ಹತ್ತಿ ಬಂದ ದಿನಗಳಲ್ಲಿ ನಾಲ್ಕು ಗುರುತು. ಎಕಂಬಾದ ಹೊಲದಲ್ಲಿ ತೊಗರಿ ರಾಶಿಗೆ ಹೋಗಬೇಕಾದ ದಿನಗಳಲ್ಲಿ ಎರಡು. ತನ್ನ ತವರು ಭಾಲ್ಕಿಗೆ ಹೋದಾಗ ಒಂದೂ ಇಲ್ಲ. ಗಣಿತದ ಮೇಷ್ಟ್ರಿಗೆ ಇದಕ್ಕಿಂತ ಹೆಚ್ಚಿನ ಪುರಾವೆ ಬೇಕೆ? ಬಾಯಿಬಿಟ್ಟು ಹೇಳಲಿಲ್ಲ. ಆದರೆ ಹೇಳದೇ ಇರುವಾಗ ನನ್ನ ಮುಖ ಹೇಗಿರುತ್ತದೆ ಎಂಬುದು ಅವಳಿಗೆ ಗೊತ್ತು. ಅಕ್ಕನಂತೂ ಅಂಗಳದಲ್ಲಿ ನಿಂತು ಹೇಳಿಯೇಬಿಟ್ಟಳು: 'ನಾ ಬಂದ ದಿನಾನೇ ಹ್ಯಾಂಗ ತಿರುಗ್ತದವ್ವ ನಿನ್ನ ತಲಿ?' ಎಸ್ತೇರ ಗೋಡೆ ಬಿಟ್ಟು ಚಹಾ ಮಾಡಲು ಹೋದಳು. ಆವತ್ತು ಚಹಾದ ಕಪ್ಪು ಒಡೆಯಿತು. ಅದಕ್ಕೂ ನಾನು ಬೇರೆ ಅರ್ಥ ಹಚ್ಚಿದೆ.

ಇಷ್ಟರಲ್ಲಿ ನಮ್ಮ ಚರ್ಚಿನ ನಾಲ್ಕಾರು ಮನೆಯವರು ಸೇರಿ ತುರ್ಕಿ ಯಾತ್ರೆಗೆ ಹೊರಟರು. ಬೈಬಲ್ಲಿನಲ್ಲಿ ಬರುವ ಏಳು ಸಭೆಗಳ ಊರುಗಳು ಅಲ್ಲಿವೆಯಲ್ಲ, ಅವನ್ನು ನೋಡಲು. ನಾವೂ ಹೋದೆವು. ಏಳೂ ಕಡೆ ಕಂಬಗಳು, ಕಲ್ಲುಗಳು, ಬೆಕ್ಕುಗಳು. ಬೀದರಿನಲ್ಲಿ ಕೋಟೆಯ ಪಕ್ಕದಲ್ಲೇ ಇದ್ದವನಿಗೆ ಬಿದ್ದ ಕಲ್ಲು ತೋರಿಸಿದರೆ ಏನಾಗಬೇಕು? ಪಟ್ಟಿಯ ಕೊನೆಯ ದಿನ, ಇಸ್ತಾನ್‌ಬುಲ್ಲಿನಲ್ಲಿ, ಸಂಜೆ ಐದಕ್ಕೆ 'ಸೂಫಿ ದರವೇಶಿಗಳ ಸುತ್ತುವಿಕೆ, ಇಷ್ಟವಿದ್ದವರಿಗೆ ಮಾತ್ರ' ಎಂದಿತ್ತು. ನಮ್ಮವರಲ್ಲಿ ಬಹಳ ಜನರಿಗೆ ಇಷ್ಟವಿದ್ದದ್ದು ಬಜಾರು. ಎಸ್ತೇರ ಮಾತ್ರ ತಾನು ಹೋಗಲೇಬೇಕೆಂದಳು. ಸಣ್ಣಾಕೆಯಿದ್ದಾಗ ಉರುಸಿನಲ್ಲಿ ಕವ್ವಾಲಿ ಕೇಳಿ ಬೆಳೆದವಳು, ಅದರ ಸೆಳೆತ ಇರಬೇಕು ಎಂದುಕೊಂಡೆ. ಅವಳು ಕೊಟ್ಟ ಕಾರಣ ಬೇರೆ ಇತ್ತು.

'ತಾಸುಗಟ್ಟಲೆ ಗರಗರ ತಿರುಗ್ತಾರಂತರಿ, ಆದ್ರೂ ಬೀಳಂಗಿಲ್ಲಂತ. ಅದು ಹ್ಯಾಂಗಂತ ಒಂದ್ಸಲ ಕಣ್ಣಿಲೆ ನೋಡ್ಬೇಕು.'

'ಅದರಾಗೇನೋ ತಂತ್ರ ಇರ್ತದ' ಎಂದೆ.

'ಇದ್ರೆ ಇರ್ಲಿ. ನನಗ ಆ ತಂತ್ರಾನೇ ಬೇಕಾಗ್ಯದ.'

ಅದು ಹಳೆಯ ಓಣಿಯೊಳಗಿನ ಒಂದು ಖಾನ್‌ಖಾ, ಸೂಫಿಗಳ ಮಠ. ಬಾಗಿಲಲ್ಲೇ ಬೂಟು ಬಿಡಬೇಕು. ಗೋಡೆಗೆ ಉದ್ದಕ್ಕೂ ಕಟ್ಟಿಗೆಯ ಗೂಡುಗಳು. ಕಾಯಲು ಒಬ್ಬ ಮುದುಕ, ಅವನ ಮುಖದ ತುಂಬ ನಗು. ನಗು ಎಂದರೆ ನನಗೆ ಏನರ್ಥ ಎಂದು ಹಾಲಿನವನ ಪ್ರಸಂಗದಲ್ಲಿ ಹೇಳಿದ್ದೇನೆ. ನಮ್ಮ ಕಡೆ ಚರ್ಚಿನ ಮದುವೆಯಿರಲಿ, ದರ್ಗಾದ ಉರುಸಿರಲಿ, ಬಸವಣ್ಣನವರ ಜಯಂತಿಯಿರಲಿ, ತಿಳಿವಳಿಕೆಯುಳ್ಳವರು ಜೋಡಿ ಚಪ್ಪಲಿಯನ್ನು ಒಂದೇ ಕಡೆ ಬಿಡುವುದಿಲ್ಲ. ಎಡಗಾಲಿನದು ಈ ಮೂಲೆಗೆ, ಬಲಗಾಲಿನದು ಆ ಮೂಲೆಗೆ. ಒಂಟಿ ಚಪ್ಪಲಿಯನ್ನು ಯಾವ ಕಳ್ಳನೂ ಮುಟ್ಟುವುದಿಲ್ಲ. ನಾನು ಎಸ್ತೇರಳನ್ನು ಮುಂದೆ ಕಳಿಸಿ, ಇಬ್ಬರ ನಾಲ್ಕು ಬೂಟುಗಳನ್ನು ನಾಲ್ಕು ಗೋಡೆಯ ನಾಲ್ಕು ಗೂಡುಗಳಲ್ಲಿ ಇಟ್ಟೆ. ಮುದುಕ ಏನೋ ಹೇಳಲು ಬಂದ. ನಾನು ಕೈ ಮುಗಿದು ಒಳಗೆ ನಡೆದೆ.

ಕರಿಯ ನಿಲುವಂಗಿ, ಉದ್ದನೆಯ ಟೋಪಿ ತೊಟ್ಟ ಒಂಬತ್ತು ಜನ ಬಂದರು. ಬಾಗಿ ಸಲಾಮು ಮಾಡುತ್ತ ಮೂರು ಸುತ್ತು ನಡೆದರು. ಕರಿಯ ಅಂಗಿ ಕಳಚಿದರೆ ಒಳಗೆ ಬಿಳಿಯ ದೊಡ್ಡ ಘಾಗ್ರಾ. ಕೊಳಲು ಶುರುವಾಯಿತು. ಎದೆಯ ಮೇಲೆ ಕೈಕಟ್ಟಿದ್ದವರು ನಿಧಾನವಾಗಿ ಕೈಬಿಚ್ಚಿ, ಬಲಗೈ ಮೇಲಕ್ಕೂ ಎಡಗೈ ಕೆಳಕ್ಕೂ ಚಾಚಿ ತಿರುಗತೊಡಗಿದರು. ಘಾಗ್ರಾ ಇಷ್ಟು ಅಗಲವಿರುವುದು ಯಾಕೆ ಎಂಬುದು ನನ್ನ ಮೊದಲ ಪ್ರಶ್ನೆ. ಒಳಗೆ ಚಕ್ರವಿದ್ದೀತು ಎಂದು ಕುತ್ತಿಗೆ ಬಗ್ಗಿಸಿ ನೋಡಿದೆ. ಬರೀ ಕಾಲುಗಳೇ ಕಂಡವು. ಹಾಗಾದರೆ ಗುಳಿಗೆ ನುಂಗಿ ಬಂದಿರಬೇಕು. ಅಷ್ಟರಲ್ಲಿ ಇನ್ನೊಬ್ಬ ಕಣ್ಣಿಗೆ ಬಿದ್ದ. ಅವನು ತಿರುಗುತ್ತಿರಲಿಲ್ಲ. ಕರಿಯ ಅಂಗಿಯಲ್ಲೇ ಅವರ ನಡುವೆ ಸದ್ದಿಲ್ಲದೆ ಓಡಾಡುತ್ತ ಒಬ್ಬೊಬ್ಬರ ಕಾಲನ್ನೂ ನೋಡುತ್ತಿದ್ದ. ಆ ನಡಿಗೆಯನ್ನು ನಾನು ಎಲ್ಲಿದ್ದರೂ ಗುರುತು ಹಿಡಿಯುತ್ತೇನೆ. ಅದು ಪರೀಕ್ಷೆಯ ಕೋಣೆಯ ಸೂಪರ್‌ವೈಜರನ ನಡಿಗೆ. ಸೂಪರ್‌ವೈಜರ್ ಇದ್ದಾನೆಂದರೆ ಕಾಪಿಯೂ ಇದೆ! ನನಗೆ ಹುರುಪು ಬಂತು. ಒಂಬತ್ತು ಜನರಲ್ಲಿ ದಪ್ಪ ಮೀಸೆಯ ಒಬ್ಬ ದಢೂತಿಯನ್ನು ಆರಿಸಿಕೊಂಡು, ಇವನು ಈಗ ಬೀಳುತ್ತಾನೆ, ಆಗ ಬೀಳುತ್ತಾನೆ ಎಂದು ಸುತ್ತು ಎಣಿಸತೊಡಗಿದೆ. ಮುನ್ನೂರರವರೆಗೆ ಎಣಿಸಿದ್ದು ನೆನಪಿದೆ. ಆಮೇಲೆ ನನ್ನ ತಲೆಯೇ ಸ್ವಲ್ಪ ತೂಗಿತು.

ಪಕ್ಕಕ್ಕೆ ತಿರುಗಿ ನೋಡಿದರೆ ಎಸ್ತೇರ ಕಲ್ಲಿನಂತೆ ಕೂತಿದ್ದಾಳೆ. ಗೋಡೆ ಹಿಡಿದಿಲ್ಲ, ಕುರ್ಚಿ ಹಿಡಿದಿಲ್ಲ. ಎರಡೂ ಕೈ ತೊಡೆಯ ಮೇಲಿವೆ. ಕಣ್ಣಂಚಿನಲ್ಲಿ ನೀರು. ನನಗೆ ಅದು ಚೀಟಿ ಸಿಕ್ಕ ಗಳಿಗೆ. ಎದುರಿಗೆ ಒಂಬತ್ತು ಜನ ಒಂದು ತಾಸು ತಿರುಗಿದರೂ ಇವಳ ತಲೆ ತಿರುಗಲಿಲ್ಲ, ಔರಾದದ ಬಸ್ಸಿಳಿದು ಒಬ್ಬ ಹೆಂಗಸು ಬಂದರೆ ತಿರುಗುತ್ತದೆ! ಊರಿಗೆ ಹೋದ ಮೇಲೆ ಇದನ್ನು ಹೇಗೆ ಹೇಳಬೇಕು ಎಂದು ಮನಸ್ಸಿನಲ್ಲೇ ಮಾತು ಜೋಡಿಸಿಟ್ಟುಕೊಂಡೆ. ಕೊನೆಗೆ ಪ್ರಾರ್ಥನೆಯಾಯಿತು. ಯಾರೂ ಚಪ್ಪಾಳೆ ತಟ್ಟಲಿಲ್ಲ. ಅವರು ಬಂದಂತೆಯೇ ಬಾಗಿ ಹೊರಟುಹೋದರು.

ಹೊರಗೆ ಬಂದು ನೋಡಿದರೆ ನನ್ನ ನಾಲ್ಕೂ ಗೂಡುಗಳು ಖಾಲಿ. ಉಳಿದ ಯಾತ್ರಿಕರೆಲ್ಲ ಜೋಡಿ ಬೂಟು ಮೆಟ್ಟಿ ಹೊರಟಿದ್ದರು. ನನಗೆ ಸಿಟ್ಟಿಗಿಂತ ಸಮಾಧಾನವೇ ಹೆಚ್ಚಾಯಿತು, ನೋಡಿದಿಯಾ, ನಾನು ಹೇಳಿರಲಿಲ್ಲವೇ ಎನ್ನುವಂಥದ್ದು. ನಗುವ ಮುದುಕನೂ ಮಂಗಮಾಯ. ಎಸ್ತೇರಳನ್ನು ಬಾಗಿಲ ಬಳಿ ನಿಲ್ಲಿಸಿ ಗೂಡುಗೂಡಿಗೂ ಕೈಹಾಕುತ್ತ ಹೊರಟೆ. ಕೆಳಗೆ ಹಾಲುಗಲ್ಲು, ಮಂಜಿನಂತೆ ತಣ್ಣಗಿತ್ತು. ಅವಳು ಬರಿಗಾಲಲ್ಲಿ ನಿಂತಿದ್ದಳು.

'ಎಲ್ಲಿಟ್ರಿ? ಎಷ್ಟೊತ್ತು ನಿಲ್ಲಲ್ರಿ ನಾ?'

'ತಡಿ, ಹುಡುಕ್ಲಾಕತ್ತೇನಿ.'

'ನನಗ ತಲಿ ತಿರುಗ್ಲಾಕತ್ತದರಿ...'

ಆಗ ನಾನು ಆ ಮಾತು ಆಡಿದೆ. ಊರಿಗೆಂದು ಜೋಡಿಸಿಟ್ಟಿದ್ದು ಅಲ್ಲೇ ಬಾಯಿಂದ ಬಿತ್ತು. ಹಿಂದಿರುಗಿ ಕೂಡ ನೋಡದೆ, 'ಒಳಗ ಒಂದ್ ತಾಸು ನೆಟ್ಟಗ ಕುಂತಿದ್ದಿ. ಈಗ ನಾಟಕ ಬ್ಯಾಡ' ಎಂದೆ.

ಹಿಂದೆ ಧಪ್ಪೆಂದು ಸದ್ದಾಯಿತು. ತಿರುಗಿ ನೋಡಿದರೆ ಅವಳು ಗೋಡೆಗುಂಟ ಜಾರಿ ನೆಲಕ್ಕೆ ಕೂತಿದ್ದಳು. ಮುಖ ಬಿಳಿಚಿತ್ತು, ಕಣ್ಣುಗುಡ್ಡೆ ಅತ್ತಿತ್ತ ಹೊಯ್ದಾಡುತ್ತಿತ್ತು. ಕಣ್ಣುಗುಡ್ಡೆಯಿಂದ ನಾಟಕ ಮಾಡಿಸಲು ಯಾರಿಂದಲೂ ಆಗುವುದಿಲ್ಲ. ಎರಡು ವರ್ಷ ಕ್ಯಾಲೆಂಡರು ನೋಡಿದವನು ಒಮ್ಮೆಯೂ ಅವಳ ಕಣ್ಣು ನೋಡಿರಲಿಲ್ಲ. ನಾನು ಓಡುವ ಮೊದಲೇ ಸ್ವೆಟರ್ ತೊಟ್ಟ ದಪ್ಪ ಮೀಸೆಯವನೊಬ್ಬ ಒಳಗಿನಿಂದ ಬಂದು ಅವಳ ಎದುರಿಗೆ ಮಂಡಿಯೂರಿದ. ನಾನು ಸುತ್ತು ಎಣಿಸಿದ್ದ ಅದೇ ದಢೂತಿ. ಅವನು ಏನೂ ಕೇಳಲಿಲ್ಲ. ಎಂದಿನಿಂದ, ಯಾವಾಗ್ಯಾವಾಗ, ಯಾರು ಬಂದಾಗ ಎಂದೇನೂ ಕೇಳಲಿಲ್ಲ. ಅವಳ ಎಡಗೈ ಹಿಡಿದು ಮುಂದಕ್ಕೆ ಚಾಚಿಸಿ, ಅವಳ ಹೆಬ್ಬೆರಳನ್ನೇ ತೋರಿಸಿ, ಇಲ್ಲಿ ನೋಡು ಎಂದು ಸನ್ನೆ ಮಾಡಿದ. 'ಸಬರ್, ಸಬರ್' ಎಂದ. ತಾಳ್ಮೆ ಎಂದರ್ಥ; ಅದು ಅವರ ಮಾತೂ ಹೌದು, ನಮ್ಮ ಬೀದರಿನ ಮಾತೂ ಹೌದು. ಸ್ವಲ್ಪ ಹೊತ್ತಿನಲ್ಲಿ ಕಣ್ಣುಗುಡ್ಡೆ ನಿಂತಿತು. ಎಸ್ತೇರ ಉಸಿರುಬಿಟ್ಟು ಅವನಿಗೆ 'ಶುಕ್ರಿಯಾ' ಎಂದಳು.

ಅಷ್ಟರಲ್ಲಿ ಮುದುಕ ಬಂದ. ಕೈಯಲ್ಲಿ ಬೆತ್ತದ ಬುಟ್ಟಿ. ನಾಲ್ಕು ಒಂಟಿ ಬೂಟುಗಳನ್ನು ಕಂಡು, ಯಾರೋ ಪಾಪದವರದು ಚೆಲ್ಲಾಪಿಲ್ಲಿಯಾಗಿದೆ ಎಂದು ಅವನು ಒಂದೊಂದನ್ನೇ ಹುಡುಕಿ, ಗಂಡಸಿನದು ಗಂಡಸಿನದಕ್ಕೆ, ಹೆಂಗಸಿನದು ಹೆಂಗಸಿನದಕ್ಕೆ ಜೋಡಿಸಿ, ಲೇಸು ಕಟ್ಟಿ, ಕಳೆಯಬಾರದೆಂದು ಒಳಗೆ ಬೀಗ ಹಾಕಿ ಇಟ್ಟಿದ್ದನಂತೆ. ಇದನ್ನು ನಮ್ಮ ಗೈಡ್ ಹುಡುಗಿ ಇಂಗ್ಲಿಷಿನಲ್ಲಿ ಹೇಳುವಾಗ ಮುದುಕ ನಗುತ್ತಲೇ ಇದ್ದ. ದರವೇಶಿಗಳು ತಿರುಗುವಾಗ ಬೀಳದಿರಲು ತಮ್ಮ ಎಡಗೈ ಹೆಬ್ಬೆರಳನ್ನೇ ನೋಡುತ್ತಾರೆ ಎಂಬುದನ್ನೂ ಅವಳೇ ಹೇಳಿದಳು. ಎಸ್ತೇರಳ ಬೂಟನ್ನು ನಾನೇ ಬಗ್ಗಿ ತೊಡಿಸಿದೆ. ನಾಚಿಕೆಯಿಂದ ಬಗ್ಗಿದ ತಲೆಗೆ ಒಂದು ಕೆಲಸ ಬೇಕಿತ್ತು.

ಬೀದರಿಗೆ ಬಂದ ಮೇಲೆ ಕ್ಯಾಲೆಂಡರಿನ ಗುರುತುಗಳನ್ನು ರಬ್ಬರಿನಿಂದ ಅಳಿಸಿದೆ. ಭಾನುವಾರ ಚರ್ಚಿನ ಬಾಗಿಲಲ್ಲಿ ಎರಡೂ ಚಪ್ಪಲಿ ಜೋಡಿಸಿಯೇ ಬಿಟ್ಟೆ. ಹಳೆಯವು ಎನ್ನುವುದು ಬೇರೆ ಮಾತು. ಎಸ್ತೇರ ಈಗ ತಲೆ ತಿರುಗಿದಾಗ ಗೋಡೆಗಿಂತ ಮೊದಲು ಹೆಬ್ಬೆರಳು ಹಿಡಿಯುತ್ತಾಳೆ, ಗುಳಿಗೆಯೂ ನಡೆದಿದೆ. ಆದರೆ ನಾನು ನಾನೇ ತಾನೆ? ಒಂದು ಮುಂಜಾನೆ ಅವಳು ಮಾರ್ಕೆಟ್ಟಿಗೆ ಹೋದಾಗ ಆ ಹೆಬ್ಬೆರಳಿನ ವಿದ್ಯೆ ನಿಜವೋ ಸುಳ್ಳೋ ಎಂಬ ಸಣ್ಣ ಹುಳ ಹೊಕ್ಕಿತು. ಬಾಗಿಲು ಮುಂದೆ ಮಾಡಿ, ಪಡಸಾಲೆಯ ನಡುವೆ ನಿಂತು, ಲುಂಗಿ ಸಡಿಲಿಸಿ, ಬಲಗೈ ಮೇಲೆ ಎಡಗೈ ಕೆಳಗೆ ಚಾಚಿ, ಹೆಬ್ಬೆರಳಿಗೆ ಕಣ್ಣು ನೆಟ್ಟು ಸುರು ಮಾಡಿದೆ. ಹನ್ನೊಂದನೆಯ ಸುತ್ತಿಗೆ ಗೋದ್ರೆಜ್ ಕಪಾಟು ಎರಡು ಸಲ ನನ್ನೆದುರಿಗೆ ಹಾದುಹೋಯಿತು. ಹನ್ನೆರಡಕ್ಕೆ ನಾನು ಜೋಳದ ಡಬ್ಬಿಯ ಮೇಲಿದ್ದೆ. ಕಣ್ಣು ತೆರೆದರೆ ಬಾಗಿಲಲ್ಲಿ ಅಕ್ಕ, ಔರಾದದ ಬಸ್ಸಿಳಿದು ನೆಟ್ಟಗೆ ಬಂದಿದ್ದಳು. ಅವಳ ಹಿಂದೆ ಕಾಯಿಪಲ್ಯದ ಚೀಲ ಹಿಡಿದ ಎಸ್ತೇರ.

'ಏನಾಯ್ತೋ?' ಎಂದಳು ಅಕ್ಕ.

'ತಲಿ ತಿರುಗ್ಲಾಕತ್ತದ' ಎಂದೆ. ಅಕ್ಷರಶಃ ನಿಜವನ್ನೇ ಹೇಳಿದ್ದೆ.

ಅಕ್ಕ ಸೊಂಟಕ್ಕೆ ಕೈಕೊಟ್ಟು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. 'ಇಷ್ಟ್ ದಿನ ಅಕಿ ಒಬ್ಬಾಕೇನೇ ಇದ್ಲು. ಈಗ ನೀನೂ ಕಲ್ತಿದಿ? ನಾ ಬರೂದು ಬ್ಯಾಡಂದ್ರ ಸೀದಾ ಹೇಳು, ಮುಂದಿನ ಬಸ್ಸಿಗೇ ಹೋಗ್ತೇನಿ.'

ಸಾಕ್ಷಿಗಾಗಿ ಎಸ್ತೇರಳ ಮುಖ ನೋಡಿದೆ. ಅವಳು ಚೀಲ ಕೆಳಗಿಟ್ಟು, ಎದುರಿಗೆ ಕೂತು, ನನ್ನ ಎಡಗೈ ಚಾಚಿಸಿ ಹೆಬ್ಬೆರಳು ತೋರಿಸಿದಳು. 'ಇಲ್ಲಿ ನೋಡ್ರಿ. ಸಬರ್ ಮಾಡ್ರಿ.' ಆಮೇಲೆ ಅಕ್ಕನ ಕಡೆ ತಿರುಗಿ, 'ಖರೇ ಅದರಿ ಅಕ್ಕಾ, ಕಣ್ಣು ನೋಡ್ರಿ ಬೇಕಾದ್ರ' ಎಂದಳು. ನಾನು ಎರಡು ವರ್ಷ ಅವಳ ಪರವಾಗಿ ಆಡದೇ ಉಳಿಸಿಕೊಂಡಿದ್ದ ಮಾತನ್ನು ಅವಳು ಎರಡು ನಿಮಿಷದಲ್ಲಿ ನನ್ನ ಪರವಾಗಿ ಆಡಿಬಿಟ್ಟಿದ್ದಳು. ನಾನು ಹೆಬ್ಬೆರಳನ್ನೇ ನೋಡುತ್ತ ಕೂತೆ. ಅವಳ ಮುಖದ ಕಡೆ ಕಣ್ಣೆತ್ತಲು ಧೈರ್ಯವಾಗಲಿಲ್ಲ. ಅಲ್ಲಿ ನಗುವಿತ್ತು ಎಂದು ನನಗೆ ಈಗಲೂ ಅನುಮಾನವಿದೆ.