ಏರು ಓಣಿಯಲ್ಲಿ ಎಣ್ಣೆ ನೋಡಿದ್ದು

ಕಾಳಜಿ ಕಡಿಮೆಯಾಗಿ ಕೆಟ್ಟ ವಸ್ತುಗಳ ಬಗ್ಗೆ ಜನ ಬೇಕಾದಷ್ಟು ಮಾತಾಡುತ್ತಾರೆ. ಕಾಳಜಿ ಹೆಚ್ಚಾಗಿ ಕೆಟ್ಟವುಗಳ ಬಗ್ಗೆ ಮಾತ್ರ ಯಾರೂ ಬಾಯಿ ಬಿಡುವುದಿಲ್ಲ. ಬಿಟ್ಟರೆ ನನ್ನಂಥವರ ಹೆಸರು ಹೊರಗೆ ಬೀಳುತ್ತದೆ. ನಾನು ಹುಟ್ಟಾ ಕಾಳಜಿಯ ಮನುಷ್ಯ. ಮನೆಗೆ ಬೀಗ ಹಾಕಿ ಓಣಿಯ ತಿರುವಿನವರೆಗೆ ಹೋದವನು ತಿರುಗಿ ಬಂದು ಬೀಗ ಜಗ್ಗಿ ನೋಡುತ್ತೇನೆ. ಒಲೆಯ ಮೇಲಿನ ಅನ್ನ ಬೆಂದಿದೆಯೋ ಇಲ್ಲವೋ ಎಂದು ಮೇಲಿಂದ ಮೇಲೆ ಮುಚ್ಚಳ ತೆಗೆದು, ಬೇಯಬೇಕಾದ ಅನ್ನವನ್ನು ಬೇಯಗೊಡುವುದಿಲ್ಲ. ಹಿತ್ತಲಲ್ಲಿ ಒಂದು ಕರಿಬೇವಿನ ಗಿಡವಿತ್ತು. ಅದರ ಎಲೆ ಯಾಕೋ ಬಾಡಿದಂತಿದೆ ಅನ್ನಿಸಿ ಎರಡೂ ಹೊತ್ತು ನೀರು ಹಾಕಿದೆ. ಬೇರು ಕೊಳೆತು ಸತ್ತಿತು. "ಗಿಡಕ್ಕ ನೀರಡಿಕಿ ಆಗಿರ್ಲಿಲ್ರೀ, ನಿಮಗ ಆಗಿತ್ತು" ಎಂದಳು ನನ್ನ ಹೆಂಡತಿ ಶಾರದಾ. ಇಂಥವನ ಕೈಗೆ ಒಂದು ಕಾರು ಸಿಕ್ಕರೆ ಅದರ ಗತಿ ಏನಾಗಬೇಕು, ನೀವೇ ಊಹಿಸಿ.

ಗದಗ ಹೊಸ ಜಿಲ್ಲೆಯಾದಾಗ ಧಾರವಾಡದಿಂದ ಕಪಾಟು, ಕುರ್ಚಿ, ಕಡತಗಳ ಗಂಟು ಲಾರಿಯಲ್ಲಿ ಬಂದವು. ಅವುಗಳ ಹಿಂದೆಯೇ ಬಸ್ಸಿನಲ್ಲಿ ಒಂದಿಷ್ಟು ಗುಮಾಸ್ತರು ಬಂದೆವು. ನನ್ನದು ಭೂಮಿ ಅಳೆಯುವ ಇಲಾಖೆ. ಹಾಗೆಂದು ನಾನೇ ಸರಪಳಿ ಹಿಡಿದು ಹೊಲ ಅಳೆಯುತ್ತೇನೆಂದು ತಿಳಿಯಬೇಡಿ. ಅಳೆದವರು ಬರೆದು ಕೊಟ್ಟದ್ದನ್ನು ತಿದ್ದಿ ಟೈಪು ಮಾಡುವವನು. ಬೆಟಗೇರಿಯಲ್ಲಿ ಮನೆ ಮಾಡಿದೆವು. ಎದುರಿಗೆ ಮಗ್ಗದ ಸದ್ದು, ಪಕ್ಕದಲ್ಲಿ ಹಿಟ್ಟಿನ ಗಿರಣಿಯ ಸದ್ದು. ಎರಡೂ ನಿಂತ ದಿನ ನನಗೆ ನಿದ್ದೆ ಬರುವುದಿಲ್ಲ. ಅಷ್ಟು ಹೊಂದಿಕೊಂಡೆವು. ಒಂದೇ ಕೊರತೆಯೆಂದರೆ ಶಾರದಾಳಿಗೆ ತವರಿಗೆ ಹೋಗಿಬರುವುದು. ಅವಳ ತವರು ಶಿರಹಟ್ಟಿ ದಾಟಿ ಬೆಳ್ಳಟ್ಟಿ. ಬಸ್ಸು ಬದಲಿಸಿ, ಕಾದು, ನಿಂತು ಹೋಗಿ ಬರುವಷ್ಟರಲ್ಲಿ ತವರಿನ ಸುಖವೆಲ್ಲ ಸೊಂಟನೋವಾಗಿ ತಿರುಗಿ ಬರುತ್ತಿತ್ತು.

ಹೀಗಿರುವಾಗ ಅವಳ ತಮ್ಮ ಈರಣ್ಣ ಒಂದು ದೊಡ್ಡ ಜೀಪು ಕೊಂಡು, ತನ್ನ ಸಣ್ಣ ಕಾರನ್ನು ನಮಗೆ ಕೊಟ್ಟ. ಈರಣ್ಣನಿಗೆ ಹೊಲಮನೆ, ಟ್ರ್ಯಾಕ್ಟರು, ಎತ್ತರದ ದನಿ ಎಲ್ಲ ಇವೆ. ತನಗೆ ತಿಳಿಯದ ವಿಷಯ ಮಾತ್ರ ಯಾವುದೂ ಇಲ್ಲ. ಕೀಲಿಕೈ ಕೊಡುವಾಗ ಹೇಳಿದ: "ಮಾವಾರ, ಇಂಜಿನ್ ಎಣ್ಣಿ ಒಂದ ಆಗಾಗ ನೋಡ್ಕೊಂಡಿರ್ರಿ. ಉಳಿದದ್ದೆಲ್ಲಾ ಗಾಡೀನ ನೋಡ್ಕೊಂತೈತಿ."

ಈ 'ಆಗಾಗ' ಎಂಬ ಮಾತನ್ನು ನನ್ನಂಥವರಿಗೆ ಹೇಳಬಾರದು. ನಾನು ಅದನ್ನು ದಿನಾಲೂ ಎಂದು ತಿಳಿದೆ. ಬಾನೆಟ್ಟು ಎತ್ತಿದರೆ ಒಂದು ಕೊಕ್ಕೆಯಿದೆ. ಅದನ್ನು ಎಳೆದರೆ ಉದ್ದನೆಯ ಕಡ್ಡಿಯೊಂದು ಹೊರಗೆ ಬರುತ್ತದೆ. ಅದಕ್ಕೆ ಗೇಜ್ ಎನ್ನುತ್ತಾರೆ. ಕಡ್ಡಿಯ ತುದಿಯ ಹತ್ತಿರ ಎರಡು ಗುರುತು. ಎಣ್ಣೆಯ ಒದ್ದೆ ಆ ಎರಡರ ನಡುವೆ ಇದ್ದರೆ ಕ್ಷೇಮ. ಇಷ್ಟೇ ವಿದ್ಯೆ. ನಾನು ಕಚೇರಿಯಿಂದ ಬಂದು ಮನೆಯ ಮುಂದೆ ಕಾರು ನಿಲ್ಲಿಸಿದವನೇ, ಚಹಕ್ಕೂ ಮೊದಲು, ಕಡ್ಡಿ ಎಳೆದು ನೋಡುತ್ತಿದ್ದೆ. ಮೊದಲ ದಿನವೇ ನೋಡಿದರೆ, ಎಣ್ಣೆ ಕೆಳಗಿನ ಗುರುತಿಗೂ ಕೆಳಗೆ, ಕಡ್ಡಿಯ ತುದಿಗೆ ಮಾತ್ರ ಅಂಟಿತ್ತು. ಓಡಿಹೋಗಿ ಡಬ್ಬಿ ತಂದು ಸ್ವಲ್ಪ ಸುರಿದೆ. ತಕ್ಷಣ ಮತ್ತೆ ನೋಡಿದೆ. ಏನೂ ಏರಿರಲಿಲ್ಲ. ಮತ್ತೆ ಸುರಿದೆ. ಒಮ್ಮೆಲೇ ಬಹಳ ಸುರಿಯಬಾರದೆಂಬ ಜಾಣತನ ನನಗೆ ಉಂಟು. ಆದ್ದರಿಂದ ದಿನಕ್ಕಿಷ್ಟು ಎಂದು ಸುರಿಯುತ್ತ ಹೋದೆ. ಹಸುಗೂಸಿಗೆ ಒಳ್ಳೆಣ್ಣೆ ಹಾಕುವ ಅಜ್ಜಿಯ ಹಾಗೆ ಸಂಜೆ ಸಂಜೆ ಡಬ್ಬಿ ಹಿಡಿದು ನಿಲ್ಲುತ್ತಿದ್ದೆ. "ಒಗ್ಗರಣಿಗೆ ನಾ ಇಷ್ಟ ಎಣ್ಣಿ ಹಾಕಿದ್ರ ನೀವು ಮನಿ ಬಿಟ್ಟು ಹೋಗ್ತಿದ್ರಿ" ಎಂದಳು ಶಾರದಾ.

ಸ್ವಲ್ಪ ದಿನಕ್ಕೆ ಕಾರು ಹೊಗೆ ಬಿಡಲು ಶುರುಮಾಡಿತು. ಮಾಮೂಲಿ ಹೊಗೆಯಲ್ಲ, ನೀಲಿ ಹೊಗೆ. ಬೆಳಿಗ್ಗೆ ಚಾಲೂ ಮಾಡಿದರೆ ಎದುರು ಮನೆಯ ಅಜ್ಜಿ, "ಸೊಳ್ಳಿ ಹೊಗಿ ಬಂತು, ನೀರಿನ ಕೊಡಾ ಮುಚ್ಚ್ರೇ!" ಎಂದು ಒಳಗೆ ಕೂಗುತ್ತಿದ್ದಳು. ಓಣಿಯ ಕಿಟಕಿಗಳು ಒಂದೊಂದಾಗಿ ಮುಚ್ಚಿಕೊಳ್ಳುತ್ತಿದ್ದವು. ಏರು ಬಂದರೆ ಕಾರು ದಮ್ಮು ಹತ್ತಿದವರ ಹಾಗೆ ಉಸಿರು ಬಿಡುತ್ತಿತ್ತು. ಎಣ್ಣೆ ಕಡಿಮೆಯಾಗಿಯೇ ಹೀಗಾಗುತ್ತಿದೆ ಎಂದು ನಾನು ಇನ್ನಷ್ಟು ಸುರಿದೆ. ಲಕ್ಷ್ಮೇಶ್ವರ, ಮುಂಡರಗಿ ಎಂದು ಹಾಕಿಕೊಂಡಿದ್ದ ತಿರುಗಾಟಗಳೆಲ್ಲ ರದ್ದಾದವು. ದಾರಿಯಲ್ಲಿ ಎಣ್ಣೆ ಮುಗಿದರೆ ಏನು ಗತಿ ಎಂಬ ಭಯ. ಬೆಳ್ಳಟ್ಟಿಯ ಮಾತಂತೂ ಎತ್ತುವ ಹಾಗೇ ಇರಲಿಲ್ಲ. ಕಚೇರಿಯಲ್ಲಿ ಈ ಸಂಕಟ ತೋಡಿಕೊಂಡರೆ, ಪಕ್ಕದ ಕುರ್ಚಿಯವರು ಎಲೆಅಡಿಕೆ ಒಂದು ದವಡೆಗೆ ಸರಿಸಿ, "ಬೀಗರ ಕಡಿಂದ ಗಾಡಿ ತಗೋಬಾರದ್ರೀ. ಹೇಳಾಕೂ ಬರಂಗಿಲ್ಲ, ಬಿಡಾಕೂ ಬರಂಗಿಲ್ಲ" ಎಂದರು. ಆ ಮಾತು ನನ್ನೊಳಗೆ ಎಣ್ಣೆಯ ಹಾಗೆಯೇ ನಿಧಾನವಾಗಿ ಇಳಿಯಿತು.

ಒಂದು ರವಿವಾರ ಬೆಳಿಗ್ಗೆ ಅದು ಹೊರಗೆ ಬಂದೇಬಿಟ್ಟಿತು. ಇನ್ನೂ ಒಂದು ಡಬ್ಬಿ ಖಾಲಿಯಾದ ಸಿಟ್ಟಿನಲ್ಲಿ, "ನಿನ್ನ ತಮ್ಮ ಗೊತ್ತಿದ್ದ ಗೊತ್ತಿದ್ದ ಎಣ್ಣಿ ಕುಡಿಯೋ ಗಾಡಿ ನಮಗ ಕಟ್ಟ್ಯಾನ" ಎಂದುಬಿಟ್ಟೆ. ಶಾರದಾ ಜೋಳದ ಹಿಟ್ಟು ಸೋಸುತ್ತಿದ್ದಳು. ಸಾಣಿಗೆ ನಿಂತಿತು. ಅವಳು ಜಗಳವಾಡಿದ್ದರೆ ನನಗೆ ಉಪಾಯ ಗೊತ್ತಿತ್ತು. ಆದರೆ ಅವಳು ಕೈ ತೊಳೆದುಕೊಂಡು, ಸೀರೆ ಬದಲಿಸಿ ಬಂದು, "ನಡೀರಿ. ಅವನ ಗಾಡಿ ಅವಗ ಕೊಟ್ಟು ಬಸ್ಸಿಗೆ ಬರೋಣು" ಎಂದಳು. ಅಷ್ಟೇ. ಕಾರು ಶಿರಹಟ್ಟಿಯ ದಾರಿ ಹಿಡಿಯಿತು. ಕಪ್ಪತಗುಡ್ಡದ ಸಾಲಿನ ಮೇಲೆ ಗಾಳಿಯಂತ್ರಗಳು ತಮ್ಮ ಪಾಡಿಗೆ ತಿರುಗುತ್ತಿದ್ದವು. ಅವುಗಳನ್ನು ತೋರಿಸಿ ಏನಾದರೂ ಮಾತು ತೆಗೆಯೋಣವೆಂದರೆ, ಅವಳು ಮುಖವನ್ನು ಇನ್ನೊಂದು ಕಿಟಕಿಗೆ ಕೊಟ್ಟಿದ್ದಳು. ನಮ್ಮ ಹಿಂದೆ ಬರುತ್ತಿದ್ದ ಬಸ್ಸು ಹೊಗೆ ತಾಳಲಾರದೆ ಹಾರ್ನು ಬಾರಿಸುತ್ತ ಮುಂದೆ ಹೋಯಿತು.

ಬೆಳ್ಳಟ್ಟಿಯ ಮನೆಯ ಅಂಗಳಕ್ಕೆ ಕಾರು ಬರುತ್ತಲೇ ಈರಣ್ಣ, "ಅಕ್ಕಾ ಬಂದ್ಲು! ಬರ್ರಿ ಮಾವಾರ!" ಎಂದು ಓಡಿ ಬಂದ. ಶಾರದಾ ಕೀಲಿಕೈಯನ್ನು ಕಟ್ಟೆಯ ಮೇಲಿಟ್ಟಳು. "ತಮ್ಮಾ, ನಿನ್ನ ಗಾಡಿ ನೀ ಇಟ್ಕೋಪಾ. ಭಾಳ ಎಣ್ಣಿ ಕುಡೀತೈತಂತ."

ಈರಣ್ಣನ ಎತ್ತರದ ದನಿ ಮೊದಲ ಸಲ ಕೆಳಗಿಳಿದದ್ದನ್ನು ನಾನು ನೋಡಿದೆ. "ನಾ ಮಾವಾರಿಗೆ ಕೆಟ್ಟ ಗಾಡಿ ಕೊಡತೇನೇನಕ್ಕಾ?" ಎಂದು ಅಕ್ಕನನ್ನೇ ಕೇಳಿದ. ನನ್ನ ಕಡೆ ನೋಡಲಿಲ್ಲ. ಅತ್ತೆ ಬಾಗಿಲಲ್ಲಿ ನೀರಿನ ತಂಬಿಗೆ ಹಿಡಿದು ಹಾಗೆಯೇ ನಿಂತರು. ಕೊಡುವುದೋ ಬೇಡವೋ ಎಂದು ಅವರಿಗೂ ತಿಳಿಯಲಿಲ್ಲ. ನಾನು ಕಾರಿನ ಟಯರನ್ನು ನೋಡುತ್ತ ನಿಂತೆ. ಟಯರಿನಲ್ಲಿ ನೋಡುವಂಥದ್ದು ಏನೂ ಇರಲಿಲ್ಲ.

ಕೊನೆಗೆ ಅತ್ತೆ, "ಮೊದಲ ಚಾ ಕುಡೀರಿ. ಆಮ್ಯಾಲ ಜಗಳಾಡ್ರಿ" ಎಂದರು. ಚಹ ಬಂದು, ಕುಡಿದು, ಕಪ್ಪುಗಳು ಒಳಗೆ ಹೋದವು. ಆಮೇಲೆ ಈರಣ್ಣ ಎದ್ದು ಬಾನೆಟ್ಟು ಎತ್ತಿದ. ಕಡ್ಡಿ ಎಳೆದು, ತನ್ನ ಧೋತರದ ತುದಿಯಿಂದಲೇ ಒರೆಸಿ, ಮತ್ತೆ ಪೂರಾ ಒಳಗಿಳಿಸಿ ಎಳೆದ. ನೋಡಿದ. ಬೆಳಕಿಗೆ ಹಿಡಿದು ನೋಡಿದ. ಎಣ್ಣೆ ಎರಡೂ ಗುರುತುಗಳನ್ನು ದಾಟಿ ಎರಡು ಬೆರಳು ಮೇಲಕ್ಕೆ ಹತ್ತಿತ್ತು.

"ಮಾವಾರ, ಇದೇನು ಇಂಜಿನ್ನೋ, ನಮ್ಮ ಹೊಲದಾಗಿನ ಬಾಂವೀನೋ?"

"ಆಗಂಗಿಲ್ಲ. ನಿನ್ನೆ ಸಂಜಿಗೆ ನಾನs ನೋಡೇನಿ. ತಳಾ ಕಂಡಿತ್ತು" ಎಂದೆ.

"ಎಲ್ಲಿ ನಿಂದ್ರಿಸಿ ನೋಡಿದ್ರಿ?"

"ಮನಿ ಮುಂದ."

"ಗಾಡಿ ಬಂದು ನಿಂತ ಮ್ಯಾಲ ಎಷ್ಟೊತ್ತಿಗೆ?"

"ಎಷ್ಟೊತ್ತಂದ್ರ? ನಿಂತಕೂಡ್ಲೆ."

"ಮೂತಿ ಯಾ ಕಡೆ ಇರ್ತೈತಿ?"

"ಏರಿನ ಕಡೆ" ಎಂದೆ. ಎಂದ ಮೇಲೆ, ಆ ಮಾತಿನಲ್ಲಿ ಏನೋ ಎಡವಟ್ಟಿದೆ ಎನ್ನಿಸಿ, "ಏರು ಅಂದ್ರ ಅಂಥಾ ಏರಲ್ಲ, ನಮ್ಮ ಓಣಿ ಹೆಚ್ಚುಕಡಿಮಿ ಸಪಾಟs ಐತಿ" ಎಂದು ಸೇರಿಸಿದೆ.

ಕಟ್ಟೆಯ ಮೇಲಿಂದ ಶಾರದಾಳ ದನಿ ಬಂತು. ಗಾಡಿ ಹತ್ತಿದ ಮೇಲೆ ನನ್ನ ಮಾತಿಗೆ ಅವಳು ಕೊಟ್ಟ ಮೊದಲ ಉತ್ತರ ಅದೇ. "ಸಪಾಟ? ಸಂತಿ ಚೀಲದಾಗಿಂದ ಲಿಂಬಿಹಣ್ಣು ಬಿದ್ರ ನಾ ಕೆಳಗಿನ ಓಣಿಗೆ ಹೋಗಿ ಆರಿಸ್ಕೊಂಡು ಬರತೇನಿ!" ಎಂದವಳು ನಗಲು ಶುರುಮಾಡಿದಳು. ನಕ್ಕು ನಕ್ಕು ಕಣ್ಣಲ್ಲಿ ನೀರು ಬಂತು. ಅತ್ತೆ ಸೆರಗು ಬಾಯಿಗೆ ಹಿಡಿದರು.

ವಿಷಯ ಇಷ್ಟೇ. ಮೂತಿ ಮೇಲೆ ಮಾಡಿ ನಿಂತ ಕಾರಿನಲ್ಲಿ ಎಣ್ಣೆ ಹಿಂದಕ್ಕೆ ಸರಿದು ಕುಳಿತಿರುತ್ತದೆ. ಮುಂದೆ ಇಳಿದ ಕಡ್ಡಿಗೆ ಸಿಕ್ಕುವುದು ತುದಿಯಷ್ಟೇ. ಸಾಲದ್ದಕ್ಕೆ, ಈಗಷ್ಟೇ ಓಡಿ ಬಂದ ಇಂಜಿನ್ನಿನಲ್ಲಿ ಎಣ್ಣೆಯೆಲ್ಲ ಮೇಲೆಯೇ ಇರುತ್ತದೆ. ಅದು ಸೋರಿ ತಳಕ್ಕೆ ಇಳಿಯಲು ಸ್ವಲ್ಪ ಹೊತ್ತು ಬೇಕು. ನಾನು ಆ ಹೊತ್ತನ್ನು ಎಂದೂ ಕೊಟ್ಟವನಲ್ಲ. ಈ ಸಮತಟ್ಟು ಅಂಗಳದಲ್ಲಿ, ಚಹದ ಹೊತ್ತು ಕಳೆದ ಮೇಲೆ, ಕಡ್ಡಿ ನಿಜ ಹೇಳಿತ್ತು. ಮೇಲಿನ ಗುರುತು ದಾಟಿದ ಎಣ್ಣೆಯನ್ನು ಇಂಜಿನ್ನು ಕಡೆದು ನೊರೆ ಮಾಡಿ, ಸುಟ್ಟು, ಹೊಗೆಯಾಗಿ ಬಿಡುತ್ತಿತ್ತು. ಬಡಪಾಯಿ ಕಾರು ಎಣ್ಣೆ ಕುಡಿಯುತ್ತಿರಲಿಲ್ಲ, ನಾನು ಕುಡಿಸಿದ್ದನ್ನು ಕಾರುತ್ತಿತ್ತು. ಇಲಾಖೆಯಲ್ಲಿ ಇಷ್ಟು ವರ್ಷ ಇಳಿಜಾರು, ಸಮತಟ್ಟು ಎಂದು ಟೈಪು ಮಾಡಿದ ನನ್ನ ಬೆರಳುಗಳನ್ನು ನಾನೇ ಒಮ್ಮೆ ನೋಡಿಕೊಂಡೆ.

ಇಲ್ಲಿಗೆ ಕತೆ ಮುಗಿದಿದ್ದರೆ ನಾನೊಬ್ಬನೇ ಪೆದ್ದನಾಗಿ ಉಳಿಯುತ್ತಿದ್ದೆ. ಆದರೆ ಈರಣ್ಣನಿಗೆ ಹುಮ್ಮಸ್ಸು ಬಂದಿತ್ತು. "ಹೆಚ್ಚಿಂದಷ್ಟ ತಗದುಬಿಡೋಣು. ಕೆಳಗಿನ ಬೋಲ್ಟು ಒಂದೀಟ ಸಡ್ಲ ಮಾಡಿದ್ರ ತೊಟ್ಟು ತೊಟ್ಟು ಬರ್ತೈತಿ. ಸಾಕಾತಂದ್ರ ಬಿಗಿ ಮಾಡೋದು. ಚಿಟಿಕಿ ಹೊಡಿಯೋದ್ರಾಗ ಮುಗೀತೈತಿ" ಎಂದು, ಕೈಗೆ ಸಿಕ್ಕಿದ ಅಗಲ ಬಾಯಿಯ ಪರಾತವೊಂದನ್ನು ತಂದು ಕಾರಿನ ಕೆಳಗೆ ತೂರಿಸಿ, ಬೋಲ್ಟು ತಿರುಗಿಸುವ ಪಾನಾ ಹಿಡಿದು ಮಲಗಿದ. ನಾನೂ ಪಕ್ಕದಲ್ಲಿ ಮಲಗಿದೆ; ಕಾಳಜಿಗೆ ಒಬ್ಬರಾದರೂ ಬೇಕಲ್ಲ. ಬೋಲ್ಟು ಒಂದೀಟು ಸಡಿಲಾಯಿತು, ಇನ್ನೊಂದೀಟು ಸಡಿಲಾಯಿತು, ಆಮೇಲೆ ಅವನ ಬೆರಳುಗಳಿಂದ ಜಾರಿ ಪರಾತದೊಳಗೆ ಟಣ್ಣೆಂದು ಬಿತ್ತು. ಅದರ ಹಿಂದೆಯೇ ಕರಿಯ ಧಾರೆ.

"ಮಾವಾರ, ಬೆರಳಿಡ್ರಿ! ಬೆರಳಿಡ್ರಿ!"

ಬೆರಳಿಟ್ಟೆ. ಎಣ್ಣೆ ಉಗುರುಬೆಚ್ಚಗಿತ್ತು. ಅದು ತೂತು ಬಿಟ್ಟು ನನ್ನ ಅಂಗಿಯ ತೋಳಿನ ದಾರಿ ಹಿಡಿದು ಬಗಲಿನವರೆಗೆ ಬಂತು. ಈರಣ್ಣ ಪರಾತದಲ್ಲಿ ಬೋಲ್ಟಿಗಾಗಿ ಮೊಣಕೈವರೆಗೆ ಕೈಯಾಡಿಸಿದ. ಅದು ಸಿಕ್ಕುವಷ್ಟರಲ್ಲಿ ಪರಾತ ತುಂಬಿ ಅಂಗಳಕ್ಕೆ ಹರಿದಿತ್ತು. ಇಂಜಿನ್ನಿನಲ್ಲಿ ಏನೂ ಉಳಿದಿರಲಿಲ್ಲ. ಇಬ್ಬರೂ ಹೊರಗೆ ತೆವಳಿ ಬಂದಾಗ ಅತ್ತೆ ಎದುರಿಗೆ ನಿಂತಿದ್ದರು. "ಅದು ಹಿಟ್ಟು ನಾದೋ ಪರಾತ" ಎಂದರು. ನಮ್ಮಿಬ್ಬರನ್ನೂ ಮೇಲಿಂದ ಕೆಳಗೆ ನೋಡಿದರು. "ಆತು ಬಿಡ್ರಿ. ಈಗ ಇಬ್ರದೂ ಸಮಾ ಆತು."

ಆ ಮಾತಿನೊಂದಿಗೆ ಅಂಗಳದ ಬಿಗುವೆಲ್ಲ ಸಡಿಲಾಯಿತು. ನನ್ನ ಹತ್ತಿರ ಡಿಕ್ಕಿಯಲ್ಲಿ ಹೊಸ ಎಣ್ಣೆಯ ಡಬ್ಬಿಗಳು ಸಾಲಾಗಿ ಇದ್ದವು. ದಾರಿಯಲ್ಲಿ ಎಣ್ಣೆ ಮುಗಿದೀತೆಂದು ಹೊತ್ತು ತಿರುಗುತ್ತಿದ್ದವು. ಬೋಲ್ಟು ಬಿಗಿ ಮಾಡಿ, ಬಾಯಿಗೆ ಲಾಳಿಕೆ ಇಟ್ಟು, ನಾನು ಸುರಿದೆ, ಅವನು ಕಡ್ಡಿ ನೋಡಿದ. ಸ್ವಲ್ಪ ಸುರಿದು ಕುಳಿತೆವು. ಎಣ್ಣೆ ಇಳಿಯಬೇಕಲ್ಲ. ಮತ್ತೆ ಒರೆಸಿ ನೋಡಿ, ಮತ್ತಿಷ್ಟು ಸುರಿದು, ಮತ್ತೆ ಕುಳಿತೆವು. ಕೆಳಗಿನ ಗುರುತು ದಾಟಿದ ಮೇಲಂತೂ ಔಷಧ ಹಾಕಿದ ಹಾಗೆ ಹನಿ ಹನಿ. ಜೀವನದಲ್ಲಿ ನಾನು ಕೈಕಟ್ಟಿ ಕಾದದ್ದು ಅದೇ ಮೊದಲು. ಕಾಯುವಾಗ ಮಾತು ತಾನಾಗಿಯೇ ಬಂತು. ಕಡ್ಡಿಯನ್ನು ಧೋತರಕ್ಕೆ ಒರೆಸುತ್ತ ಈರಣ್ಣ, ನನ್ನ ಮುಖ ನೋಡದೆ ಹೇಳಿದ: "ಖರೆ ಹೇಳ್ತೇನ್ರಿ ಮಾವಾರ. ಈ ಗಾಡಿ ಕೇಳಿದವ್ರು ಮಂದಿ ಇದ್ರು. ಅಕ್ಕಗ ಬಸ್ಸಿನ ತ್ರಾಸ ತಪ್ಲಿ, ಮನಸಿಗೆ ಬಂದಾಗ ಬರ್ಲಿ ಅಂತ ನಿಮಗ ಕೊಟ್ಟೆ. ಗಾಡಿ ಬಂದ ಮ್ಯಾಲ ನೀವು ಬಂದದ್ದು ಇವತ್ತs."

ಕಾರು ಕೆಟ್ಟೀತೆಂಬ ಕಾಳಜಿಯಲ್ಲಿ ಆ ಕಾರು ಯಾತಕ್ಕೆ ಬಂದಿತ್ತೋ ಅದನ್ನೇ ಮಾಡಗೊಡದೆ ಕಟ್ಟಿಹಾಕಿದ್ದೆ. "ತಪ್ಪಾತಪಾ, ಈರಣ್ಣಾ" ಎಂದೆ. "ಏ, ಬಿಡ್ರಿ! ಎಣ್ಣಿ ನೋಡ್ರಿ ಮೊದಲ" ಎಂದ ಅವನು, ಕಡ್ಡಿ ಎತ್ತಿ ತೋರಿಸಿದ. ಎರಡು ಗುರುತುಗಳ ನಡುವೆ, ಜೇನಿನ ಬಣ್ಣದ ಎಣ್ಣೆ ಶಿಸ್ತಾಗಿ ನಿಂತಿತ್ತು.

ಊಟಕ್ಕೆ ಬಿಸಿ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಹೋಳಿಗೆ. ಹಿಟ್ಟನ್ನು ನೆರೆಮನೆಯ ಪರಾತದಲ್ಲಿ ನಾದಿದ್ದರು. ಮರಳುವಾಗ ಹೊಗೆ ಬರುತ್ತದೋ ಎಂದು ನೋಡಲು ಈರಣ್ಣ ಜೀಪಿನಲ್ಲಿ ಶಿರಹಟ್ಟಿಯವರೆಗೆ ನಮ್ಮ ಬೆನ್ನಿಗೆ ಬಂದ. ಉಳಿದಿದ್ದ ಚೂರುಪಾರು ಹೊಗೆ ದಾರಿಯಲ್ಲೇ ಕರಗಿತು. ಅವನು ಕೈಬೀಸಿ ತಿರುಗಿದ. ಹೊರಡುವ ಮುಂಚೆ ಅವನು ಕಟ್ಟಪ್ಪಣೆ ಮಾಡಿದ್ದ: ನಮ್ಮ ಓಣಿಯಲ್ಲಿ ಎಣ್ಣೆ ನೋಡಕೂಡದು, ತಿಂಗಳಿಗೊಮ್ಮೆ ಬೆಳ್ಳಟ್ಟಿಯ ಅಂಗಳಕ್ಕೇ ಬಂದು ನೋಡತಕ್ಕದ್ದು. ಅಂದಿನಿಂದ ಅದೇ ಪದ್ಧತಿ. ತಿಂಗಳ ಒಂದು ರವಿವಾರ ಕಾರು ಅಲ್ಲಿಗೆ ಹೋಗಿ ನಿಲ್ಲುತ್ತದೆ. ಎಣ್ಣೆ ಇಳಿಯಲಿ ಎಂದು ನಾವು ಕಾಯುತ್ತೇವೆ. ಕೆಲವೊಮ್ಮೆ ಅದು ಇಳಿಯಲು ಊಟ, ಒಂದು ನಿದ್ದೆ, ಸಂಜೆಯ ಗಿರ್ಮಿಟ್ಟು, ಚಹ ಎಲ್ಲ ಮುಗಿಯಬೇಕಾಗುತ್ತದೆ. ಶಾರದಾಳ ಸೊಂಟನೋವಿನ ಮಾತು ನಾನು ಕೇಳಿ ಬಹಳ ದಿನವಾಯಿತು.

ಕಳೆದ ವಾರ ಈರಣ್ಣ ಯಾವುದೋ ಕೆಲಸಕ್ಕೆ ಗದಗಿಗೆ ಬಂದವನು ನಮ್ಮ ಮನೆಗೂ ಬಂದ. ಅವನನ್ನು ಬಿಟ್ಟುಬರಲು ಓಣಿಯ ಮೇಲಿನ ತುದಿಯವರೆಗೆ ನಡೆದೆ. ತಿರುವಿನಾಚೆ ಶಾಲೆಯ ಮೈದಾನವಿದೆ. ವಿಶಾಲವಾಗಿ, ತಾಟಿನ ಹಾಗೆ ಹಾಸಿಕೊಂಡಿದೆ; ಹುಡುಗರು ಇಟ್ಟ ಚೆಂಡು ಇಟ್ಟಲ್ಲೇ ಇರುತ್ತದೆ. ಈರಣ್ಣ ನಿಂತು ಅದನ್ನು ಸಾವಕಾಶ ನೋಡಿದ.

"ಮಾವಾರ, ಇಲ್ಲಿ ನೆಲಾ ಭಾಳ ಸಪಾಟ ಐತಲ್ಲ?"

ನಾನೂ ಕಣ್ಣು ಕಿರಿದು ಮಾಡಿ, ಇಲಾಖೆಯ ಗಾಂಭೀರ್ಯದಿಂದ ಆಚೆ ಈಚೆ ನೋಡಿದೆ. "ನೋಡಾಕ ಹಂಗ ಕಾಣತೈತಿ. ಖರೆ ಅಂದ್ರ ಇಳಿಜಾರು ಐತಿ" ಎಂದೆ.

ಈರಣ್ಣ ಇನ್ನೊಮ್ಮೆ ಮೈದಾನ ನೋಡಿದ, ನನ್ನನ್ನು ನೋಡಿದ. "ಹೌದ್ರಿ ಮಾವಾರ," ಎಂದ, "ಭಾಳ ಇಳಿಜಾರು ಐತಿ."